ಕಾರಿಗೆ ಹದಿನೈದು ದಿನ, ಕಾಲಿಗೆ ಎರಡು ವರ್ಷ

ಮಲ್ಲಿಪಟ್ಟಣದ ಸುತ್ತಮುತ್ತ ಒಣಗಿಸಲು ಕಡ್ಡಿಗೆ ಹೊಗೆಸೊಪ್ಪು ಕಟ್ಟುವುದರಲ್ಲಿ ಸಣ್ಣಕ್ಕನನ್ನು ಮೀರಿಸುವವರಿರಲಿಲ್ಲ. ಚಕ್ಕಳಮಕ್ಕಳ ಹಾಕಿ ನೆಲಕ್ಕೆ ಕೂತಳೆಂದರೆ ಊಟದ ಹೊತ್ತಿನ ತನಕ ಏಳುತ್ತಿರಲಿಲ್ಲ. ಬಾಯಿಯೂ ಕೈಯಷ್ಟೇ ಚುರುಕು. ಕೂಲಿ ಮುರಿದುಕೊಂಡವನ ಜನ್ಮ ಜಾಲಾಡದೆ ಬಿಟ್ಟವಳಲ್ಲ. ಅಂಥವಳು ಬದುಕಿನಲ್ಲಿ ಒಂದೇ ಒಂದು ಸಲ ದೊಡ್ಡವರ ಮಾತಿಗೆ ತಲೆಯಾಡಿಸಿದಳು, ಕೆಟ್ಟಳು.

ಆ ಸಂಜೆ ಕೆಲಸ ತಡವಾಗಿ ಬಸ್ಸು ತಪ್ಪಿತ್ತು. ಹೊಲದ ಯಜಮಾನ ಕಾಂತರಾಜು ಗೌಡನ ಮಗ ಕುಮಾರ್ ಅವಳನ್ನು ಮನೆಗೆ ಬಿಡಲು ಕಾರು ತೆಗೆದ. ಒಂದು ಕೈಯಲ್ಲಿ ಸ್ಟೇರಿಂಗು, ಇನ್ನೊಂದರಲ್ಲಿ ಮೊಬೈಲು. ಕಾರು ಹೋಗಿ ಮೋರಿಕಟ್ಟೆಗೆ ಗುದ್ದಿತು. ಆ ಮಹಾನುಭಾವನಿಗೆ ಒಂದು ಗೀರೂ ಇಲ್ಲ, ಸಣ್ಣಕ್ಕನ ಬಲಮಂಡಿ ನುಚ್ಚುನೂರು.

ಹಾಸನದ ಆಸ್ಪತ್ರೆಗೆ ಕರೆದೊಯ್ಯುವಾಗ ಕಾಂತರಾಜು ದಾರಿಯುದ್ದಕ್ಕೂ ಬೆಣ್ಣೆ ಸವರಿದ.

“ಜಗುಲಿಯಿಂದ ಜಾರಿ ಬಿದ್ದೆ ಅನ್ನು ಸಣ್ಣಕ್ಕ. ಕಾರು ಅಂದ್ರೆ ಪೊಲೀಸ್ನೋರು ಬತ್ತಾರೆ. ಮುಂದಿನ್ ವಾರ ಹುಡ್ಗನ್ ಮದ್ವೆ ಐತೆ. ಆಸ್ಪತ್ರೆ ಖರ್ಚೆಲ್ಲ ನಂದೇ ಕಣವ್ವ.”

ಮದುವೆ ಮನೆ ಎಂದು ಅವಳು ಕರಗಿದಳು. ಡಾಕ್ಟರು ಕೇಳಿದಾಗ ಹಾಗೇ ಹೇಳಿದಳು, ಅವರು ಹಾಗೇ ಬರೆದುಕೊಂಡರು.

ಮೊದಲ ಆಪರೇಷನ್ ಖರ್ಚು ಕಾಂತರಾಜು ಕೊಟ್ಟ. ಆದರೆ ಮಂಡಿ ಮಡಚಲು ಬರಲಿಲ್ಲ. ಆರು ತಿಂಗಳೊಳಗೆ ಇನ್ನೊಂದು ಆಪರೇಷನ್ ಆದರೆ ಸರಿ, ಇಲ್ಲದಿದ್ದರೆ ಕಾಲು ಹೀಗೇ ನೆಟ್ಟಗೆ ನಿಲ್ಲುತ್ತದೆ ಎಂದರು ಡಾಕ್ಟರು. ಅವಳು ಕೋಲೂರಿಕೊಂಡು ಗೌಡನ ಮನೆಗೆ ಹೋದಳು. ಅಷ್ಟರಲ್ಲಿ ಮದುವೆ ಮುಗಿದಿತ್ತು.

“ಜಾರಿ ಬಿದ್ದೋಳು ನೀನು. ನಿನ್ ಬಾಯಲ್ಲೇ ಏಳಿದ್ದೀಯ. ನಾನ್ಯಾಕ್ ಕೊಡ್ಲಿ?” ಎಂದ ಕಾಂತರಾಜು. ಎಂಥ ನಾಲಿಗೆ ನೋಡಿ!

ಅಂಗಳದಲ್ಲಿ ಅದೇ ಕಾರು ಹೊಸ ಬಣ್ಣ ಬಳಿದುಕೊಂಡು ನಿಂತಿತ್ತು. ಸಣ್ಣಕ್ಕ ಗೌಡನ ವಂಶವನ್ನೆಲ್ಲ ಬಯ್ದು, ನೇರವಾಗಿ ಅರಕಲಗೂಡಿನ ವಕೀಲೆ ಭಾನುಪ್ರಿಯಾ ಹತ್ತಿರ ಹೋದಳು.

“ಕಾರಲ್ಲಿ ಕೂತೋರಿಗೂ ಆ ಇನ್ಶೂರೆನ್ಸಲ್ಲಿ ಪರಿಹಾರ ಬರುತ್ತಮ್ಮ. ಆದರೆ ನೀವು ಕಾರಲ್ಲೇ ಇರಲಿಲ್ಲ ಅಂತ ನೀವೇ ಬರೆಸಿದ್ದೀರಲ್ಲ!” ಎಂದರು ವಕೀಲೆ.

“ಆ ಕಾರ್ ಮಾತ್ರ ಮದ್ಲಿಂಗ್ತಿ ಅಂಗೆ ಮಿರಮಿರ ಅಂತೈತೆ ಕಣವ್ವ!” ಎಂದು ಸಣ್ಣಕ್ಕ ಉರಿದುಬಿದ್ದಳು.

ವಕೀಲೆಯ ಪೆನ್ನು ನಿಂತಿತು. “ರಿಪೇರಿ ಮಾಡಿಸಿದ್ದು ಯಾರ ದುಡ್ಡಲ್ಲಿ?”

ಪೊಲೀಸರಿಗೆ ತಡವಾದ ದೂರು, ಆಮೇಲೆ ಕೋರ್ಟು. ಕೈಯಲ್ಲಿ ದುಡ್ಡಿಲ್ಲದೆ ಡಾಕ್ಟರು ಹೇಳಿದ ಆರು ತಿಂಗಳು ಕಳೆಯಿತು, ಎರಡು ವರ್ಷವಾಯಿತು. ಕೊನೆಗೊಮ್ಮೆ ಪಾಟೀಸವಾಲಿನ ದಿನ ಇನ್ಶೂರೆನ್ಸ್ ಕಂಪನಿಯ ವಕೀಲ ಆಸ್ಪತ್ರೆಯ ಕಾಗದ ಹಿಡಿದು ಗದರಿದ. “ಆವತ್ತು ಹೇಳಿದ್ದು ಸುಳ್ಳೋ, ಇವತ್ತು ಹೇಳ್ತಿರೋದು ಸುಳ್ಳೋ?”

“ಆವತ್ತಿಂದು ಸುಳ್ಳು ಸಾ. ಗೌಡ್ರು ಏಳ್ಕೊಟ್ಟಿದ್ದು. ಅವ್ರನ್ನೇ ಕೇಳಿ.”

ಗೌಡ ತನಗೇನೂ ಗೊತ್ತಿಲ್ಲ ಎಂದ. ಆಗ ಭಾನುಪ್ರಿಯಾ ಕಂಪನಿಯಿಂದಲೇ ತರಿಸಿದ್ದ ಇನ್ನೊಂದು ಕಡತ ಬಿಚ್ಚಿಸಿದರು. ಕಾರಿನ ರಿಪೇರಿ ಹಣಕ್ಕೆ ಕುಮಾರ್ ಬರೆದುಕೊಟ್ಟ ಅರ್ಜಿ. ಅಪ್ಪ ಆಸ್ಪತ್ರೆಯಲ್ಲಿ ಸುಳ್ಳು ಹೇಳಿಸಿದ್ದ, ಮಗನಿಗೆ ಕಲಿಸುವುದು ಮರೆತಿದ್ದ. ಕಾರಿನ ದುಡ್ಡು ತಪ್ಪಿಹೋದೀತೆಂಬ ಭಯಕ್ಕೆ ಮಗ ನಡೆದದ್ದು ನಡೆದಂತೆ ಬರೆದಿದ್ದ: ‘ಕಾರಿನಲ್ಲಿ ಇದ್ದವರು ನಾನು ಮತ್ತು ಕೂಲಿಯವಳು ಸಣ್ಣಕ್ಕ. ಅವಳ ಬಲಗಾಲಿಗೆ ಪೆಟ್ಟಾಗಿದೆ.’ ಕಂಪನಿ ಅದನ್ನು ನಂಬಿ ಹದಿನೈದೇ ದಿನಕ್ಕೆ ಹಣ ಕೊಟ್ಟಿತ್ತು. ಈಗ ಅದೇ ಕಂಪನಿ ಅವಳನ್ನು ಸುಳ್ಳುಗಾರ್ತಿ ಎನ್ನುತ್ತಿತ್ತು. ನಾಚಿಕೆಗೆಟ್ಟವರು!

ಪರಿಹಾರವನ್ನು ಕಂಪನಿಯೇ ಕೊಡಬೇಕೆಂದು ಆದೇಶವಾಯಿತು. ಅದನ್ನು ಕೇಳಿದವಳೇ ಸಣ್ಣಕ್ಕ ಹಾಸನದ ಆಸ್ಪತ್ರೆಗೆ ಹೋದಳು. ಡಾಕ್ಟರು ಮಂಡಿ ಒತ್ತಿ ನೋಡಿ ಅಡ್ಡಡ್ಡ ತಲೆಯಾಡಿಸಿದರು. ಮೂಳೆ ಕೂಡಿಕೊಂಡಿದೆ, ಮಂಡಿ ಇನ್ನು ಮಡಚುವುದಿಲ್ಲ.

ಬಸ್‌ಸ್ಟ್ಯಾಂಡಿನಲ್ಲಿ ಕಾಂತರಾಜು ಎದುರಾದ. ಮುಖದ ತುಂಬ ನಗು.

“ಕಂಪ್ನಿಯೋರೇ ಕಟ್ತಾರಂತಲ್ಲ ಸಣ್ಣಕ್ಕ! ನನ್ ಕೈಯಿಂದ ಒಂದ್ ಕಾಸೂ ಇಲ್ವಂತೆ. ಇದು ಮದ್ಲೇ ಗೊತ್ತಿದ್ರೆ ನಾನೇ ಮುಂದ್ ನಿಂತು ಕೊಡುಸ್ತಿದ್ದೆ ಕಣವ್ವ.”

“ಕಾರಿನ್ ದುಡ್ಡಿಗ್ ಮಾತ್ರ ಮದ್ಲೇ ಗೊತ್ತಾಗಿತ್ತಲ್ಲ ಗೌಡ್ರೆ.”

ಅವನ ನಗು ಆರಿತು. ಅಷ್ಟರಲ್ಲಿ ಬಸ್ಸು ಬಂತು. ಸಣ್ಣಕ್ಕನಿಗೆ ಮೆಟ್ಟಿಲು ಹತ್ತಲಾಗಲಿಲ್ಲ. ಆಸರೆಗೆಂದು ಕಾಂತರಾಜು ಕೈ ನೀಡಿದ. ಅವಳು ಆ ಕೈಯನ್ನು ಕೋಲಿನಿಂದ ಆಚೆ ತಳ್ಳಿ, ಬಸ್ಸಿನ ಬಾಗಿಲಿಗೆ ಬೆನ್ನು ಮಾಡಿ ಅದರ ನೆಲಕ್ಕೆ ಕುಂಡಿಯೂರಿ, ಸೆಟೆದ ಕಾಲನ್ನು ಎರಡೂ ಕೈಯಲ್ಲಿ ಎತ್ತಿ ಒಳಗೆಳೆದುಕೊಂಡಳು.