ಸೊಂಟ ಮೂವತ್ತಾರು

ಸಕಲೇಶಪುರದಲ್ಲಿ ನನ್ನ ಬಟ್ಟೆ ಅಂಗಡಿಯ ಜಗುಲಿಯ ಮೇಲೆ ಹೊಲಿಗೆ ಮಷಿನ್ ಇಟ್ಟುಕೊಂಡಿದ್ದ ನಸ್ರುಲ್ಲಾ ಅಳತೆಯನ್ನು ಬರೆದುಕೊಳ್ಳುತ್ತಿರಲಿಲ್ಲ, ಕೂಗುತ್ತಿದ್ದ. ಬರೆದುಕೊಳ್ಳುವವಳು ಒಳಗೆ ಗುಂಡಿಗಳಿಗೆ ಕಾಜಾ ಹಾಕುತ್ತ ಕೂತ ಹೆಂಡತಿ ಮೆಹರುನ್ನೀಸಾ. ಜೂನ್ ಬಂದರೆ ಯೂನಿಫಾರಂ ಹೊಲಿಸುವವರ ಸಾಲು ರಸ್ತೆಗಿಳಿಯುತ್ತಿತ್ತು, ಅವನ ಗಂಟಲು ಬಸ್ ಸ್ಟ್ಯಾಂಡ್ ಮುಟ್ಟುತ್ತಿತ್ತು. ಅಂಗಡಿಗೆ ಪುಕ್ಕಟೆ ಜಾಹೀರಾತು.

ತೊಂಬತ್ತೆಂಟರಲ್ಲಿ ಹೆಗ್ಗದ್ದೆಯ ಪುಟ್ಟಸ್ವಾಮಿಯ ಮಗಳು ನವ್ಯಶ್ರೀ ಒಂಬತ್ತನೇ ಕ್ಲಾಸಿನ ಲಂಗ ಹೊಲಿಸಲು ಬಂದಳು. ಮೈತುಂಬಿದ ಹುಡುಗಿ. "ಸೊಂಟ ಮೂವತ್ತಾರು!" ಎಂದು ನಸ್ರುಲ್ಲಾ ಕೂಗಿದ. ಸಾಲಿನಲ್ಲಿದ್ದ ಹುಡುಗರು ಗಣಿತದಲ್ಲಿ ಎಂದೂ ಪಾಸಾದವರಲ್ಲ. ಈ ಅಂಕಿಯನ್ನು ಮಾತ್ರ ಮರೆಯಲಿಲ್ಲ. ಹೆಗ್ಗದ್ದೆ ಬಸ್ಸಿನಲ್ಲಿ ಅವಳ ಹೆಸರೇ ಅದಾಯಿತು.

"ಮೂವತ್ತಾರು ಬಂತು, ಜಾಗ ಬುಡ್ರೋ!"

ಅವಳು ಊಟ ಬಿಡತೊಡಗಿದಳು. ಬುತ್ತಿಯ ಅಕ್ಕಿರೊಟ್ಟಿ ದಾರಿಯಲ್ಲೇ ನಾಯಿಗೆ. ತೆಳ್ಳಗಾದಳೆಂದು ನೆಂಟರು ಹೊಗಳಿದರು. ದಸರಾ ರಜೆ ಮುಗಿದ ಮೇಲೆ ಪ್ರಾರ್ಥನೆಯ ಸಾಲಿನಲ್ಲಿ ಕುಸಿದುಬಿದ್ದಳು. ಆಮೇಲೆ ಸ್ಕೂಲಿಗೇ ಹೋಗಲಿಲ್ಲ.

ತಾಯಿ ಮಾದಮ್ಮ ಜಾರುವ ಲಂಗ ಬಿಗಿ ಮಾಡಿಸಲೆಂದು ಕರೆತಂದಳು. ಬಟ್ಟೆ ಸರಿಹೋದರೆ ಹುಡುಗಿ ಸ್ಕೂಲಿಗೆ ಹೋದಾಳು ಎಂಬ ನಂಬಿಕೆ ಆಕೆಗೆ. ನವ್ಯಶ್ರೀ ಮಾತ್ರ, "ಇನ್ನೂ ಬಿಗಿ ಮಾಡಿ. ನಾನು ಇನ್ನೂ ಇಳೀತೀನಿ," ಎಂದಳು.

ಮೆಹರುನ್ನೀಸಾ ಸೂಜಿ ಕೆಳಗಿಟ್ಟು ಎದ್ದು ಬಂದಳು. ಗಂಡನ ಹೊಟ್ಟೆಗೇ ಟೇಪು ಸುತ್ತಿ ರಸ್ತೆಗೆ ಕೇಳುವಂತೆ ಕೂಗಿದಳು: "ಟೈಲರ್ ಸಾಹೇಬರ ಹೊಟ್ಟೆ ನಲವತ್ತಾರು!"

ಎದುರಿನ ಹಮಾಲಿಗಳು ಹೋ ಎಂದರು. ನಸ್ರುಲ್ಲಾ ಉಸಿರು ಒಳಗೆಳೆದುಕೊಂಡ, ಹೊಟ್ಟೆ ಒಪ್ಪಲಿಲ್ಲ. "ಏ, ಮಾನ ಕಳೀತೀಯೇನೇ?"

"ಇಷ್ಟಕ್ಕೇ ಮಾನ ಹೋಯ್ತೇನ್ರೀ? ಆ ಮಗೀಗೆ ಹದಿನಾಲ್ಕು ವರ್ಸ ಕಣ್ರೀ."

ನಾವೆಲ್ಲ ನಕ್ಕೆವು. ನವ್ಯಶ್ರೀ ನಗಲಿಲ್ಲ, ಅತ್ತಳು. "ಹಸಿವಾಯ್ತದೆ ಅಕ್ಕ. ತಿನ್ನಕ್ಕೆ ಭಯ ಆಯ್ತದೆ."

ಮಾದಮ್ಮ ಈ ಮಾತು ಕೇಳಿದ್ದು ಅದೇ ಮೊದಲು.

ಹಾಸನದಲ್ಲಿ ಮನೋವೈದ್ಯರಿಗೆ ತೋರಿಸಬೇಕೆಂದು ಊರಿನ ಡಾಕ್ಟರು ಹೇಳಿದಾಗ ಪುಟ್ಟಸ್ವಾಮಿ ನನ್ನ ಅಂಗಡಿಗೆ ಬಂದು ಅಳುಕಿದ. "ಊರೋರು ಹುಚ್ಚು ಅಂತಾರೆ ಕಣ್ರೀ."

"ಅಂದೋರ್ನೂ ಜೊತೇಲಿ ಕರ್ಕೊಂಡು ಹೋಗು ಮಾರಾಯ, ಅವ್ರಿಗೂ ಬೇಕಾಗೈತೆ," ಎಂದೆ. ಹೋದ, ಮಗಳನ್ನು ಮಾತ್ರ ಕರೆದುಕೊಂಡು.

ಔಷಧಿ, ಮಾತು, ಮತ್ತೆ ಊಟ ಬಿಡುವುದು, ಮತ್ತೆ ಹಾಸನ. ವರ್ಷ ದಾಟಿತು. ಸ್ಕೂಲಿಗೆ ಮರಳಿದ ಮೇಲೂ ಮಧ್ಯಾಹ್ನ ಮೆಹರುನ್ನೀಸಾಳ ಪಕ್ಕದ ಸ್ಟೂಲಿನಲ್ಲಿ ಗೋಡೆಗೆ ಮುಖ ಮಾಡಿ ಉಣ್ಣುತ್ತಿದ್ದಳು. ನಾವು ಯಾರೂ ಆ ಕಡೆ ನೋಡುತ್ತಿರಲಿಲ್ಲ. ನೋಡಿದರೆ ಮೆಹರುನ್ನೀಸಾ ಬಿಡುತ್ತಲೂ ಇರಲಿಲ್ಲ.

ಒಂದು ದಿನ ಬುತ್ತಿ ಖಾಲಿ ಮಾಡಿ ನಮ್ಮ ಕಡೆ ತಿರುಗಿ ಕೇಳಿದಳು: "ಅಕ್ಕ, ಚಪಾತಿ ಉಳ್ದೈತಾ?"

ಮೆಹರುನ್ನೀಸಾ ಗಂಡನ ಡಬ್ಬಿಯನ್ನೇ ತೆಗೆದು ಕೊಟ್ಟಳು.