ಅಮವಾಸ್ಯೆಯ ದಿನ ಅಳಿಸಿದ ಫೈಲು

ಅದು ಶಿವರಾತ್ರಿಯ ಮರುದಿನದ ಅಮವಾಸ್ಯೆಯೋ ಯುಗಾದಿಯ ಅಮವಾಸ್ಯೆಯೋ, ಈಗ ಖಾತ್ರಿಯಿಲ್ಲ. ಅಂದು ಹೋಳಿಗೆ ಮಾಡಿದ್ದರೆಂದು ನೆನಪು. ಆದರೆ ನನ್ನ ನೆನಪು ಎಲ್ಲ ಹಬ್ಬಕ್ಕೂ ಹೋಳಿಗೆ ಬಡಿಸುವಂಥದ್ದು. ಇಲ್ಲಿನ ಕೆಲವು ವಿವರಗಳು ತಪ್ಪಿರಬಹುದು. ಕಂಪ್ಯೂಟರು ಮೂಕವಾದದ್ದು ಮಾತ್ರ ನಿಜ.

ಅದು ವಿಜಾಪುರದ ಹತ್ತಿರದ ಇಂಡಿ ಎಂಬ ಊರಿನಲ್ಲಿ, ನನ್ನ ಕಾಕಾ ಅವರ ಮನೆಯಲ್ಲಿತ್ತು. ಕಾಕಾ ಎಂದರೆ ಅಪ್ಪನ ತಮ್ಮ. ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸುತ್ತಿದ್ದವರಿಗೆ ಐವತ್ತು ದಾಟುವಷ್ಟರಲ್ಲಿ ಕಣ್ಣು ಪೂರ್ತಿ ಹೋದವು. ಅಂದಿನಿಂದ ಅವರಿಗೆ ಪೇಪರು ಓದಿ ಹೇಳುವುದು, ಅವರು ಹೇಳಿದ್ದನ್ನು ಬರೆದುಕೊಳ್ಳುವುದು ಅವರ ಹೆಂಡತಿ, ನನ್ನ ಚಿಗವ್ವ.

ನಾನು ಧಾರವಾಡದಲ್ಲಿ ಎಂ.ಎ. ಓದುತ್ತಿದ್ದಾಗ, ಪರದೆಯ ಮೇಲಿನ ಅಕ್ಷರಗಳನ್ನು ದನಿಯಲ್ಲಿ ಓದುವ ಪ್ರೋಗ್ರಾಮಿನ ಸಿ.ಡಿ. ಸಿಕ್ಕಿತು. ತಂದು ಹಾಕಿಕೊಟ್ಟೆ. ಕಾಕಾ ಹರೆಯದಲ್ಲೇ ಟೈಪಿಂಗ್ ಕಲಿತವರು. ಒಂದೇ ವಾರದಲ್ಲಿ ತಾವೇ ಬರೆದು ತಾವೇ ಕೇಳಿಸಿಕೊಳ್ಳತೊಡಗಿದರು.

“ಈ ಮಗಾ ಮೂಗಿನ್ಯಾಗ ಇಂಗ್ಲಿಷ್ ಮಾತಾಡ್ತಾನ. ನನ್ನ ಕ್ಲಾಸಿನ್ಯಾಗ ಇದ್ದಿದ್ರ ಹೊರಗ ನಿಂದರಸ್ತಿದ್ದೆ,” ಎಂದು ನಕ್ಕು ಹೆಡ್‌ಫೋನ್ ಹಾಕಿಕೊಂಡರು.

ಆ ಹೆಡ್‌ಫೋನ್ ಚಿಗವ್ವನಿಗೆ ಸೇರಲಿಲ್ಲ.

“ನನಗ ಕೇಳಸಲಾರದಂಗ ಏನ್ ಬರ್ಯಾಕತ್ತೀರಿ?”

“ನಿನ್ನ ಮ್ಯಾಲ ಡೀಸಿ ಸಾಹೇಬ್ರಿಗೆ ಅರ್ಜಿ.”

“ಬರೀರಿ, ಬರೀರಿ. ಸಹಿ ಎಲ್ಲಿ ಮಾಡಬೇಕಂತ ತೋರಸಾಕ ನಾನ ಬರಬೇಕಲ್ಲ!”

ನಮ್ಮ ಕಡೆ ಅಮವಾಸ್ಯೆಗೆ ಗಾಡಿ, ಪಂಪು, ಹೊಲಿಗೆ ಮಶೀನು ಎಲ್ಲವನ್ನೂ ಒರೆಸಿ, ವಿಭೂತಿ ಹಚ್ಚಿ, ನಿಂಬೆಹಣ್ಣು ಇಡುತ್ತಾರೆ. ಕಂಪ್ಯೂಟರಿಗೂ ಅದೇ ನಡೆಯಿತು. ಹೊರಗೆ ಒರೆಸಿದ ಮೇಲೆ ಒಳಗಿನ ಕಸವನ್ನೂ ತೆಗೆಯಬೇಕೆಂದು ಹೇಳಿದವಳು ನಾನೇ. ಗುರುತಿಲ್ಲದ ಹೆಸರಿನ ಫೈಲು ಕಂಡರೆ ವೈರಸ್ ಇರಬಹುದೆಂದು ಹೆದರಿ ಅಳಿಸುತ್ತಿದ್ದೆ. ಅಳಿಸುವುದನ್ನು ಚಿಗವ್ವನಿಗೂ ಕಲಿಸಿದ್ದೆ. ಆ ಅಮವಾಸ್ಯೆ ನಾವಿಬ್ಬರೂ ಒಬ್ಬರಾದ ಮೇಲೊಬ್ಬರು ಅದರ ಮುಂದೆ ಕೂತಿದ್ದೆವು. ಸಂಜೆ ಕಾಕಾ ಕೀಲಿ ಒತ್ತಿದರೆ ದನಿಯೇ ಬರಲಿಲ್ಲ.

ವಿಜಾಪುರದಿಂದ ರಿಪೇರಿಯವನು ಬಂದ. “ಒಂದು ಡಿಎಲ್ಎಲ್ ಫೈಲ್ ಇಲ್ರಿ,” ಎಂದ. “ಪರದಿ ಮ್ಯಾಲ ಎಲ್ಲಿ ಬಟನ್ ಐತಿ, ಎಲ್ಲಿ ಏನ್ ಬರದೈತಿ ಅಂತ ಓದೂ ಪ್ರೋಗ್ರಾಮಿಗೆ ಹೇಳೂದ ಅದು. ಅದಿಲ್ಲಂದ್ರ ಪ್ರೋಗ್ರಾಮಿಗೂ ಕಣ್ಣಿಲ್ರಿ.”

“ತಾನಾಗೇ ಹೋಗ್ತೈತೇನು?” ಎಂದೆ.

“ಇಲ್ರಿ, ಯಾರೋ ಅಳಿಸ್ಯಾರ. ಸಿ.ಡಿ. ಕೊಡ್ರಿ, ಮತ್ತ ಹಾಕ್ತೇನಿ.”

ಸಿ.ಡಿ. ಮೇಜಿನ ಖಾನೆಯಲ್ಲಿರಲಿಲ್ಲ. ಹಿತ್ತಲಿನ ದ್ರಾಕ್ಷಿ ಚಪ್ಪರದಲ್ಲಿ, ಇನ್ನೂ ನಾಲ್ಕು ಸಿ.ಡಿ.ಗಳ ಜೊತೆ ದಾರದಲ್ಲಿ ತಿರುಗುತ್ತಿತ್ತು. ತಂತಿಗೆ ಬಡಿದು ಬಡಿದು ಮೈತುಂಬ ಗೀರು.

“ಗಿಳಿ ಬರಬಾರ್ದಂತ ಕಟ್ಟೇನಿ. ಎಲ್ಲಾ ಒಂದ ಥರಾ ಹೊಳಿತಾವ, ನನಗೇನ್ ಗೊತ್ತ?” ಎಂದಳು ಚಿಗವ್ವ.

ನಾನು ನಂಬಲಿಲ್ಲ. ಫೈಲು ಹೋಗಿದ್ದು ಅಮವಾಸ್ಯೆಯಂದೇ, ಸಿ.ಡಿ. ಹೋಗಿದ್ದೂ ಆ ದಿನಗಳಲ್ಲೇ. ಅವಳ ಮುಖ ನೋಡಿದೆ; ಅವಳು ಚಪ್ಪರ ನೋಡುತ್ತಿದ್ದಳು. ಧಾರವಾಡದಿಂದ ಬೇರೆ ಸಿ.ಡಿ. ತರುತ್ತೇನೆಂದೆ.

“ಬ್ಯಾಡ ಬಿಡವಾ,” ಎಂದರು ಕಾಕಾ. “ಮನ್ಯಾಗ ಓದಾಕ ಒಬ್ಬರ ಸಾಕು.”

ಅವರಿಗೂ ಸಂಶಯವಿತ್ತೆ? ಮರುದಿನ ಬೆಳಿಗ್ಗೆ ಚಿಗವ್ವ ಕನ್ನಡಕ ಹಾಕಿಕೊಂಡು ಅವರ ಪಕ್ಕದಲ್ಲಿ ಪೇಪರು ಹಿಡಿದು ಕೂತಿದ್ದಳು. ಆಮೇಲೆ ಕಾಕಾ ತಾವಾಗಿ ಒಂದು ಸಾಲೂ ಬರೆಯಲಿಲ್ಲ.

ಅವರು ತೀರಿ ಕೆಲವು ವರ್ಷಗಳಾದವು. ಅವರು ಇರುವವರೆಗೂ ಚಿಗವ್ವನ ಮೇಲೆಯೇ ನನ್ನ ಅನುಮಾನ. ಅದರಿಂದ ನನಗೆ ಅನುಕೂಲವೂ ಇತ್ತು. ನನ್ನ ಕೈಯನ್ನು ನೋಡಿಕೊಳ್ಳುವ ಪ್ರಸಂಗ ಬರಲಿಲ್ಲ. ಈಚೆಗೆ ಬೇರೊಂದು ಚಿತ್ರ ಕಾಣುತ್ತದೆ. ಅಳಿಸಬೇಕೆ ಎಂದು ಪರದೆ ಕೇಳುತ್ತದೆ, ವಿಭೂತಿ ಹತ್ತಿದ ನನ್ನ ಬೆರಳು ಹೌದು ಎಂದು ಒತ್ತುತ್ತದೆ. ಅದು ಆ ಅಮವಾಸ್ಯೆಯದೋ ಬೇರೆ ಅಮವಾಸ್ಯೆಯದೋ, ಸಂಶಯಪಟ್ಟು ಪಟ್ಟು ನಾನೇ ಕಟ್ಟಿಕೊಂಡದ್ದೋ ಹೇಳಲಾರೆ. ಡೈರಿ ತೆಗೆದರೆ ಆ ವಾರದ ಪುಟಗಳೇ ಖಾಲಿ.

ಹೋದ ತಿಂಗಳು ಇಂಡಿಗೆ ಹೋಗಿದ್ದೆ. ಚಿಗವ್ವ ಮೊರದಲ್ಲಿ ಜೋಳ ಹಸನು ಮಾಡುತ್ತಿದ್ದಳು. ಎದುರು ಕೂತು ಕೇಳಿಯೇಬಿಟ್ಟೆ. ಅವಳು ಮೊರ ಅಲ್ಲಾಡಿಸುವುದನ್ನು ನಿಲ್ಲಿಸಿದಳು. ನಾನು ಕೇಳಿದ್ದು ಇಷ್ಟೇ:

“ಚಿಗವ್ವಾ, ಆ ಅಮಾಸಿ ದಿನ ಕಾಕಾನ ಫೈಲ್ ಅಳಿಸಿದಾಕಿ ನೀನೋ, ನಾನೋ?”