ರೈಲು ಹತ್ತಿದ ತಾಯಿ

ಕಳೆದ ಭಾನುವಾರ ಮೊಮ್ಮಗಳು ಮೊಬೈಲಿನಲ್ಲಿ ಯಾವುದೋ ಪರದೇಶದ ಸಿನಿಮಾ ನೋಡುತ್ತಿದ್ದಳು. ಪಕ್ಕದಲ್ಲಿ ಚಹಾಕ್ಕೆ ಬಿಸ್ಕತ್ತು ಅದ್ದುತ್ತಿದ್ದ ನಾನು ಸುಮ್ಮನೆ ಕಣ್ಣು ಹಾಯಿಸಿದೆ. ತಲೆಗೆ ಕೆಂಪು ವಸ್ತ್ರ ಕಟ್ಟಿದ ಹೆಂಗಸೊಬ್ಬಳು ಪೆಟ್ಟಿಗೆ ಹಿಡಿದು ರೈಲು ಹತ್ತುತ್ತಿದ್ದಳು. ಬಿಸ್ಕತ್ತು ಚಹಾದೊಳಗೇ ಮುಳುಗಿತು. ಈ ಹೆಂಗಸನ್ನು ನಾನು ಬಲ್ಲೆ. ಅವಳ ಬಾಯಿಗೆ ಸುಳ್ಳು ತುರುಕಿದವನೇ ನಾನು.

ಎಂಬತ್ತರ ದಶಕದ ಕೊನೆ. ಅವ್ವ, ನಾನು ಗೋವಾದ ಮಡಗಾಂವ್ ಪಕ್ಕದ ಫಾತೋರ್ಡಾದಲ್ಲಿದ್ದೆವು. ಕಟ್ಟಡ ಕೆಲಸಕ್ಕೆ ವಿಜಾಪುರದ ಕಡೆಯಿಂದ ಬಂದವರ ಓಣಿ ಅದು. ನೆರೆಯ ಖಾಜಾಬಿ ಚಿಗವ್ವನ ಮನೆಯಲ್ಲಿ ವಿಸಿಆರ್ ಇತ್ತು. ಒಂದು ಹಿಂದಿ ಕ್ಯಾಸೆಟ್ ಬಾಡಿಗೆಗೆ ಒಯ್ದರೆ, ಯಾರೂ ಮುಟ್ಟದ ಪರದೇಶದ ಕ್ಯಾಸೆಟ್ಟೊಂದನ್ನು ಅಂಗಡಿಯವನು ಪುಕ್ಕಟೆ ಕೊಡುತ್ತಿದ್ದ. ಪುಕ್ಕಟೆ ಬಂದದ್ದನ್ನು ನೋಡದೆ ಬಿಡುವವರು ನಾವಲ್ಲ. ಪರದೆಯ ಕೆಳಗೆ ಓಡುವ ಇಂಗ್ಲಿಷ್ ಸಾಲು ಓದಿ ಕನ್ನಡದಲ್ಲಿ ಹೇಳುವ ಕೆಲಸ, ಓಣಿಯಲ್ಲಿ ಎಸ್ಸೆಸ್ಸೆಲ್ಸಿ ಮುಟ್ಟಿದ ಒಬ್ಬನೇ ಒಬ್ಬನಾದ ನನ್ನದು. ನಾನು ಒಂದು ಸಾಲು ಬಿಡಿಸುವುದರೊಳಗೆ ನಾಲ್ಕು ಸಾಲು ಓಡಿಹೋಗುತ್ತಿದ್ದವು. ಉಳಿದದ್ದೆಲ್ಲ ನಾನೇ ಕಟ್ಟಿದ ಕತೆ.

ಆ ಸಿನಿಮಾಗಳ ತಾಯಂದಿರು ವಿಚಿತ್ರ. ಹಿಂದಿ ಸಿನಿಮಾದ ತಾಯಿಯನ್ನು ನೀವೂ ಬಲ್ಲಿರಿ. ಅವಳು ಹೊಲಿಗೆ ಯಂತ್ರದ ಮುಂದೆ ಅತ್ತರೆ ಸಾಕು, ಮಗ ಬಂದು ಕಾಲಿಗೆ ಬೀಳುತ್ತಿದ್ದ. ಈ ಪರದೇಶದವರು ಸಿಗರೇಟು ಸೇದುತ್ತ ಮಗನೊಂದಿಗೆ ಜಗಳ ತೆಗೆಯುವರು, ಬಾಗಿಲು ದಢಾರನೆ ಮುಚ್ಚುವರು, ಮರುದಿನ ಏನೂ ಆಗದವರಂತೆ ಅವನ ಅಂಗಿಗೆ ಗುಂಡಿ ಹಚ್ಚುವರು. ಓಣಿಯ ಹೆಂಗಸರಿಗೆ ಇವರೇ ಹೆಚ್ಚು ಹಿಡಿಸಿದರು. “ನಮ್ಮ ಮನ್ಯಾಗಿನ ಕತಿನ ಐತಿ ಬಿಡವಾ, ಸಿಗರೇಟ್ ಒಂದ ಇಲ್ಲ” ಎನ್ನುತ್ತಿದ್ದಳು ಖಾಜಾಬಿ.

ಅದೇ ದಿನಗಳಲ್ಲಿ ಅವ್ವ ಒಂದು ಹಟ ಹಿಡಿದಳು. ಕುಡಚಡೆ ಸ್ಟೇಷನ್ನಿನ ಬಳಿ, ಅದಿರು ಸಾಗಿಸುವ ಟ್ರಕ್ಕಿನವರಿಗೆ ಖಾನಾವಳಿ ಹಾಕುತ್ತೇನೆ, ಅಲ್ಲೇ ಇರುತ್ತೇನೆ ಎಂದು. ನನಗೆ ಸಿಟ್ಟು. ಮಗನಿದ್ದೂ ತಾಯಿ ಬೇರೆ ಊರಲ್ಲಿ ಒಲೆ ಹೂಡಿದರೆ ಜನ ಏನೆಂದಾರು? ನಿಜ ಹೇಳಲೇ? ಮದುವೆಯಾಗದ ನನಗೆ ಬಿಸಿ ರೊಟ್ಟಿ ಯಾರು ತಟ್ಟಬೇಕು ಎಂಬುದೇ ಚಿಂತೆ.

ಹಾಗಾಗಿ ಒಂದು ರಾತ್ರಿ ಖಾಜಾಬಿಯ ಮನೆಯ ಪರದೆಯಲ್ಲಿ ಈ ಕೆಂಪು ವಸ್ತ್ರದವಳು ಮಗನನ್ನು ಬಿಟ್ಟು ರೈಲು ಹತ್ತಿದಾಗ ನಾನು ಚುರುಕಾದೆ.

“ಏನಂತಾಳೋ ತಮ್ಮಾ ಆಕಿ?” ಅವ್ವ ಕೇಳಿದಳು.

“ತಪ್ಪ ಮಾಡಿದೆ, ಮಗನ್ನ ಬಿಟ್ಟು ಬರಬಾರದಿತ್ತು ಅಂತ ಮರಗಾಕತ್ತಾಳ.”

ಅವ್ವ ಪರದೆಯನ್ನೇ ನೋಡಿದಳು. “ಮರಗಾವ್ರು ಹಂಗ ಕಿಡಕ್ಯಾಗ ಕುಂತು ಸೇಬು ತಿಂತಾರೇನು?”

“ಆ ದೇಶದಾಗ ಹಂಗ, ಅವ್ವಾ.”

ಖಾಜಾಬಿ ನಕ್ಕು ನಕ್ಕು ಕೆಮ್ಮಿದಳು. “ನಿನ್ನ ಇಂಗ್ಲಿಷ್ ಭಾಳ ಚಲೋ ಐತಪಾ. ಎಲ್ಲಾ ಸಿನಿಮಾದಾಗೂ ಮಗಂದ ಖರೇ.”

ಮುಂದಿನ ವಾರವೇ ಅವ್ವ ಹೊರಟಳು. ಮಡಗಾಂವ್ ಸ್ಟೇಷನ್ನಿನಲ್ಲಿ ಅವಳ ಗಂಟನ್ನು ಬೋಗಿಯೊಳಗಿಟ್ಟವನೇ, ರೈಲು ಕದಲುವ ಮೊದಲು ಬೆನ್ನು ತಿರುಗಿಸಿ ನಡೆದುಬಿಟ್ಟೆ. ದೀಪಾವಳಿ ಬಂದುಹೋದರೂ ಆ ಕಡೆ ಸುಳಿಯಲಿಲ್ಲ. ಸುಳ್ಳನ್ನು ದೇವರು ಮನ್ನಿಸಿಯಾನು. ಅಂದು ತಿರುಗಿಸಿದ ಬೆನ್ನನ್ನು ನಾನೇ ಇನ್ನೂ ಮನ್ನಿಸಿಲ್ಲ.

ಕೊನೆಗೆ ರೊಟ್ಟಿಯ ಆಸೆಯೇ ನನ್ನನ್ನು ಕುಡಚಡೆಗೆ ಒಯ್ದಿತು. ಖಾನಾವಳಿಯ ತುಂಬ ಡ್ರೈವರುಗಳು. ಅವ್ವ ಮೈ ತುಂಬಿಕೊಂಡಿದ್ದಳು, ದನಿಯೂ ದೊಡ್ಡದಾಗಿತ್ತು. ನಿನ್ನೆಯಷ್ಟೇ ಕಂಡವಳಂತೆ, “ಸಾಲಿನಾಗ ಕುಂದ್ರು, ಇವರು ಮೊದಲ ಬಂದಾರ” ಎಂದಳು. ಉಂಡು ಎದ್ದಾಗ ಸೂಜಿ ತಂದು, ಬಿದ್ದುಹೋಗಿದ್ದ ಅಂಗಿಯ ಗುಂಡಿಯನ್ನು ಮೈಮೇಲೆಯೇ ಹೊಲಿದಳು. “ಅಲುಗಾಡಬ್ಯಾಡ, ಚುಚ್ಚತೈತಿ.”

“ಅಜ್ಜಾ, ಆಕಿ ಏನಂತಾಳ ಓದಿ ಹೇಳ್ಲೇನು?” ಮೊಬೈಲು ಹಿಡಿದಿದ್ದ ಮೊಮ್ಮಗಳು ಕೇಳಿದಳು.

“ಬ್ಯಾಡವಾ. ಸುಮ್ನ ಆಕಿ ಮಾರಿ ನೋಡೂಣು.”

ಕೆಂಪು ವಸ್ತ್ರದವಳು ಸೇಬು ಕಚ್ಚಿದಳು, ನಕ್ಕಳು. ಅಷ್ಟನ್ನು ಅವ್ವ ಅಂದೇ ಕಂಡಿದ್ದಳು. ಆಮೇಲೆ ಕಿಟಕಿಯಿಂದ ತಲೆ ಹೊರಹಾಕಿ, ಸ್ಟೇಷನ್ನು ಮರೆಯಾಗುವ ತನಕ ಹಿಂದಕ್ಕೇ ನೋಡುತ್ತಿದ್ದಳು. ಇದನ್ನು ನಾನು ಅಂದು ನೋಡಿರಲೇ ಇಲ್ಲ, ಮಾತಾಡುತ್ತಿದ್ದೆ.

“ಇನ್ನೊಮ್ಮೆ ಹಚ್ಚವಾ” ಎಂದೆ. ಈ ಸಲವಾದರೂ ರೈಲು ಮರೆಯಾಗುವ ತನಕ ನಿಲ್ಲಬೇಕೆನಿಸಿತು.